ಸ್ಟಾಲಿನ್ ಮಗಳು ಬರೆದ ಮನೆ

ಸ್ವೆಟ್ಲಾನಾ ಅಲಿಲುಯೆವಾ ಹುಟ್ಟಿದ್ದು 1926ರ ಫೆಬ್ರುವರಿ 28ರಂದು, ಬೆಳೆದದ್ದು ಮಾಸ್ಕೋದ ಕ್ರೆಮ್ಲಿನ್ ಕೋಟೆಯೊಳಗೆ. ಅಪ್ಪ ಜೋಸೆಫ್ ಸ್ಟಾಲಿನ್. ಅಪ್ಪ ಮಗಳ ನಡುವೆ ಒಂದು ಆಟವಿತ್ತು: ಮಗಳು ಮನೆಯ ಯಜಮಾನಿ, ಅಪ್ಪ ಅವಳ ಕಾರ್ಯದರ್ಶಿ. ನನ್ನನ್ನು ನಾಟಕಕ್ಕೆ ಕರೆದೊಯ್ಯತಕ್ಕದ್ದು ಎಂಬಂಥ ಹುಕುಂ ಬರೆದು ಅವಳು ಊಟದ ಕೋಣೆಯ ಗೋಡೆಗೆ ಪಿನ್ನಿನಿಂದ ಚುಚ್ಚಿಡುತ್ತಿದ್ದಳು. ದೇಶವನ್ನೇ ನಡುಗಿಸುತ್ತಿದ್ದಾತ ಅಪ್ಪಣೆ ಪಾಲಿಸುವುದಾಗಿ ಬರೆದು ರುಜು ಹಾಕುತ್ತಿದ್ದ.

1932ರ ನವೆಂಬರ್‌ನಲ್ಲಿ ತಾಯಿ ನಾದೆಝ್ದಾ ಗುಂಡು ಹಾರಿಸಿಕೊಂಡು ಸತ್ತಳು. ಆರು ವರ್ಷದ ಮಗಳಿಗೆ ತಾಯಿ ಅಪೆಂಡಿಸೈಟಿಸ್‌ನಿಂದ ತೀರಿಕೊಂಡಳೆಂದು ಹೇಳಿದರು. ಮನೆಮಂದಿಗೆ ಗೊತ್ತಿದ್ದ ನಿಜ ಅವಳಿಗೆ ತಿಳಿದದ್ದು ಹದಿನಾರನೆಯ ವಯಸ್ಸಿನಲ್ಲಿ, ಅದೂ ಇಂಗ್ಲಿಷ್ ಪತ್ರಿಕೆಯೊಂದನ್ನು ಓದುವಾಗ. ಅಷ್ಟರಲ್ಲಿ ಬಂಧುಗಳು ಒಬ್ಬೊಬ್ಬರಾಗಿ ಕಾಣೆಯಾಗತೊಡಗಿದ್ದರು. ದೊಡ್ಡಮ್ಮ ಆನ್ನಾಳ ಗಂಡ ರೆಡೆನ್ಸ್‌ನನ್ನು 1940ರಲ್ಲಿ ಗುಂಡಿಟ್ಟು ಕೊಂದರು. ಆನ್ನಾ 1946ರಲ್ಲಿ ಕುಟುಂಬದ ನೆನಪುಗಳನ್ನು ಪುಸ್ತಕ ಮಾಡಿದಳು. ಅದು ಸ್ಟಾಲಿನ್‌ನನ್ನು ಕೆರಳಿಸಿತು; 1948ರಲ್ಲಿ ಆಕೆಯ ಬಂಧನವೂ ಆಯಿತು. ಆ ಮನೆಯಲ್ಲಿ ನೆನಪು ಬರೆಯುವುದೆಂದರೆ ಏನೆಂಬುದು ಸ್ವೆಟ್ಲಾನಾಗೆ ಹೀಗೆ ಮೊದಲೇ ಗೊತ್ತಿತ್ತು.

ಸ್ಟಾಲಿನ್ ಸತ್ತದ್ದು 1953ರ ಮಾರ್ಚ್ 5ರಂದು. ಹತ್ತು ವರ್ಷ ಕಳೆದ ಮೇಲೆ, 1963ರ ಬೇಸಿಗೆಯಲ್ಲಿ, ಮಾಸ್ಕೋ ಹತ್ತಿರದ ಝುಕೋವ್ಕಾ ಹಳ್ಳಿಯಲ್ಲಿ ಅವಳು ತನ್ನ ನೆನಪುಗಳನ್ನು ಸ್ನೇಹಿತನಿಗೆ ಬರೆದ ಇಪ್ಪತ್ತು ಪತ್ರಗಳ ರೂಪದಲ್ಲಿ ಬರೆದಳು. ಸೋವಿಯತ್ ನಾಡಿನಲ್ಲಿ ಅದು ಅಚ್ಚಾಗುವ ಮಾತಿರಲಿಲ್ಲ. ಹಸ್ತಪ್ರತಿಯನ್ನು ದೇಶದಾಚೆ ಸಾಗಿಸಿದವರು ಆಗ ಮಾಸ್ಕೋದಲ್ಲಿದ್ದ ಭಾರತದ ರಾಯಭಾರಿ ಟಿ.ಎನ್. ಕೌಲ್.

ಭಾರತದ ನಂಟು ಅಷ್ಟಕ್ಕೇ ಮುಗಿಯಲಿಲ್ಲ. ಉತ್ತರ ಪ್ರದೇಶದ ಕಾಲಾಕಾಂಕರ್ ರಾಜಮನೆತನದ ಕಮ್ಯುನಿಸ್ಟ್ ಬ್ರಜೇಶ್ ಸಿಂಗ್ ಜತೆ ಸ್ವೆಟ್ಲಾನಾ ಬಾಳುತ್ತಿದ್ದಳು. ಮದುವೆಯ ನೋಂದಣಿಗೆ ಸೋವಿಯತ್ ಪ್ರಧಾನಿ ಕೊಸಿಗಿನ್ ಒಪ್ಪಲಿಲ್ಲ. 1966ರ ಅಕ್ಟೋಬರ್ 31ರಂದು ಸಿಂಗ್ ತೀರಿಕೊಂಡಾಗ ಚಿತಾಭಸ್ಮವನ್ನು ಭಾರತಕ್ಕೆ ತರಲು ಮಾತ್ರ ಅನುಮತಿ ಸಿಕ್ಕಿತು. ಹಾಗೆ ಬಂದವಳು ಕಾಲಾಕಾಂಕರ್‌ನ ಗಂಗೆಯ ದಡದಲ್ಲಿ ಕೆಲಕಾಲ ಉಳಿದು, 1967ರ ಮಾರ್ಚ್ 6ರಂದು ದೆಹಲಿಯ ಅಮೆರಿಕ ರಾಯಭಾರ ಕಚೇರಿಯೊಳಕ್ಕೆ ನಡೆದುಹೋದಳು. ಪುಸ್ತಕ ಅದೇ ವರ್ಷ ಅಮೆರಿಕದಲ್ಲಿ ಹೊರಬಂತು. ಅದರ ಗಳಿಕೆಯ ಒಂದು ಪಾಲು ಕಾಲಾಕಾಂಕರ್‌ನಲ್ಲಿ ಸಿಂಗ್ ಹೆಸರಿನ ಆಸ್ಪತ್ರೆಗೆ ಹೋಯಿತು.

ಮನೆಯೊಳಗಿನ ಚಿತ್ರ ಕೊಡುವುದರಲ್ಲಿ ಈ ಪುಸ್ತಕಕ್ಕೆ ಸಾಟಿಯಿಲ್ಲ. ಸಾಯುತ್ತಿದ್ದ ಸ್ಟಾಲಿನ್‌ನ ಹಾಸಿಗೆಯ ಸುತ್ತ ನೆರೆದವರ ಮುಖಭಾವಗಳನ್ನು ಹಾಗೆ ಬರೆಯಲು ಅಲ್ಲಿ ನಿಂತಿದ್ದವರಿಗಷ್ಟೇ ಸಾಧ್ಯ. ಆದರೆ ತಪ್ಪಿನ ಹೊರೆ ಯಾರದೆಂಬ ಪ್ರಶ್ನೆ ಬಂದಾಗ ಮಗಳ ಲೇಖನಿ ಹಿಂಜರಿಯುತ್ತದೆ. ರಹಸ್ಯ ಪೊಲೀಸ್ ಮುಖ್ಯಸ್ಥ ಬೇರಿಯಾನ ತಲೆಗೆ ಬಹಳಷ್ಟನ್ನು ಕಟ್ಟುತ್ತದೆ. ಇದು ಸುಳ್ಳಲ್ಲ, ಮಮತೆ. ಇತಿಹಾಸಕಾರರು ಎಚ್ಚರದಿಂದ ಓದಬೇಕಾದದ್ದೂ ಇದನ್ನೇ. 1969ರಲ್ಲಿ ಬಂದ ಎರಡನೆಯ ಪುಸ್ತಕ ‘ಓನ್ಲಿ ಒನ್ ಇಯರ್’ನಲ್ಲಿ ಆ ನೆಪ ಇಲ್ಲ, ಅಪ್ಪನ ಹೊಣೆಯನ್ನು ಅವಳು ನೇರವಾಗಿಯೇ ಹೇಳುತ್ತಾಳೆ.

1970ರಲ್ಲಿ ಅಮೆರಿಕದ ವಾಸ್ತುಶಿಲ್ಪಿ ಪೀಟರ್ಸ್‌ನನ್ನು ಮದುವೆಯಾಗಿ ಲಾನಾ ಪೀಟರ್ಸ್ ಎನಿಸಿಕೊಂಡಳು. 1984ರಲ್ಲಿ ಸೋವಿಯತ್ ಒಕ್ಕೂಟಕ್ಕೆ ಮರಳಿ, ಅಲ್ಲೂ ನೆಲೆನಿಲ್ಲದೆ 1986ರಲ್ಲಿ ಹೊರಬಂದಳು. 2011ರ ನವೆಂಬರ್ 22ರಂದು ವಿಸ್ಕಾನ್ಸಿನ್‌ನಲ್ಲಿ ತೀರಿಕೊಂಡಳು. ಇಂಥ ಮನೆಯಲ್ಲಿ ಬೆಳೆದವರ ಬರಹವನ್ನು ತಿಳಿಯಬಯಸುವವರು ಮೊದಲ ಪುಸ್ತಕಕ್ಕೇ ನಿಲ್ಲಬಾರದು, ಎರಡನ್ನೂ ಬರೆದ ಕ್ರಮದಲ್ಲೇ ಓದಬೇಕು.