ಅಕ್ಷಯನೀವಿಯೂ ನಿಧಿಪಾಲಕರ ಧರ್ಮವೂ

ಸಂಸ್ಕೃತದ ‘ನೀವಿ’ ಎಂಬ ಶಬ್ದಕ್ಕೆ ಸ್ತ್ರೀಯರ ಉಡುಗೆಯ ನಡುಗಂಟೆಂಬ ಅರ್ಥವಿರುವುದು ಕಾವ್ಯಾಭ್ಯಾಸಿಗಳೆಲ್ಲರಿಗೂ ವಿದಿತವಾಗಿದೆ. ಅದೇ ಶಬ್ದಕ್ಕೆ ವ್ಯವಹಾರದಲ್ಲಿ ಮೂಲಧನವೆಂದು ಅರ್ಥ. ಅಮರಸಿಂಹನು ವೈಶ್ಯವರ್ಗದಲ್ಲಿ ಇದನ್ನು ಮೂಲಧನದ ಪರ್ಯಾಯಪದವಾಗಿ ಪಠಿಸಿದ್ದಾನೆ. ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ಆಯದಿಂದ ವ್ಯಯವನ್ನು ಕಳೆದು ಉಳಿದ ಶೇಷಕ್ಕೆ ನೀವಿಯೆಂದು ಹೆಸರು. ಕನ್ನಡದಲ್ಲಿಯೂ ‘ಗಂಟು’ ಎಂಬುದಕ್ಕೆ ಹೀಗೆಯೇ ಎರಡರ್ಥಗಳುಂಟು. ‘ಇಡುಗಂಟು’ ಎಂಬ ಮಾತು ಇಂದಿಗೂ ಬಳಕೆಯಲ್ಲಿದೆ. ಬಿಚ್ಚದೆ ಕಾಪಾಡತಕ್ಕದ್ದೆಂಬ ಭಾವವು ಎರಡು ಭಾಷೆಗಳಿಗೂ ಸಮಾನವಾಗಿರುವುದು ಗಮನಾರ್ಹ.

ಮೂಲಧನವನ್ನು ಎಂದೆಂದಿಗೂ ಮುಟ್ಟದೆ ಅದರ ವೃದ್ಧಿಯನ್ನು ಮಾತ್ರ ಒಂದು ಸತ್ಕಾರ್ಯಕ್ಕೆ ವಿನಿಯೋಗಿಸಬೇಕೆಂದು ಇಟ್ಟ ನಿಧಿಯೇ ಅಕ್ಷಯನೀವಿ. ಇಂದಿನ ವಿದ್ಯಾಪೀಠಗಳ ಶಾಶ್ವತನಿಧಿ, ಸಾಹಿತ್ಯಸಂಸ್ಥೆಗಳ ದತ್ತಿನಿಧಿ, ದೇವಾಲಯಗಳ ಸೇವಾನಿಧಿ, ಇವೆಲ್ಲವೂ ಅದರ ಸಂತತಿಯೇ. ಇಲ್ಲಿ ದಾತನು ಕಾಲಾಂತರದಲ್ಲಿ ಇಲ್ಲವಾಗುತ್ತಾನೆ. ಪ್ರತಿಗ್ರಹೀತರಲ್ಲಿ ಬಹುಮಂದಿ ಇನ್ನೂ ಹುಟ್ಟಿಯೇ ಇರುವುದಿಲ್ಲ. ಇವರಿಬ್ಬರ ನಡುವೆ ನಿಂತು, ತನ್ನದಲ್ಲದ ಧನವನ್ನು ತನಗಲ್ಲದ ಪ್ರಯೋಜನಕ್ಕಾಗಿ ಕಾಯುವವನು ನಿಧಿಪಾಲಕ. ಅವನು ಕಾಯಬೇಕಾದುದು ನಾಣ್ಯಗಳ ಸಂಖ್ಯೆಯನ್ನೋ, ಅವುಗಳಿಂದ ಬರುವ ಫಲವನ್ನೋ ಎಂಬುದೇ ಮುಖ್ಯವಾದ ಪ್ರಶ್ನೆ.

ನಾಸಿಕದ ಗುಹೆಗಳಲ್ಲಿ ಕ್ಷತ್ರಪ ನಹಪಾನನ ಅಳಿಯನಾದ ಉಷವದಾತನು ಕ್ರಿ. ಶ. 2ನೆಯ ಶತಮಾನದಲ್ಲಿ ಬರೆಸಿದ ಪ್ರಾಕೃತಶಾಸನವೊಂದು ಈ ವಿಷಯದಲ್ಲಿ ಬಹು ಬೋಧಪ್ರದವಾಗಿದೆ. ಅವನು 3,000 ಕಾರ್ಷಾಪಣಗಳನ್ನು ಗುಹೆಯ ಭಿಕ್ಷುಸಂಘಕ್ಕೆ ಕೊಟ್ಟು, ಅವನ್ನು ಗೋವರ್ಧನದ ನೇಕಾರರ ಎರಡು ಶ್ರೇಣಿಗಳಲ್ಲಿ ಇರಿಸಿದನು. ಒಂದರಲ್ಲಿ 2,000, ಬಡ್ಡಿ ತಿಂಗಳಿಗೆ ನೂರಕ್ಕೆ 1. ಮತ್ತೊಂದರಲ್ಲಿ 1,000, ಬಡ್ಡಿ ತಿಂಗಳಿಗೆ ನೂರಕ್ಕೆ ಮುಕ್ಕಾಲು. ಮೂಲವನ್ನು ಹಿಂದಕ್ಕೆ ಕೊಡತಕ್ಕದ್ದಲ್ಲ, ವೃದ್ಧಿಯನ್ನು ಮಾತ್ರ ಅನುಭವಿಸತಕ್ಕದ್ದು ಎಂದು ವಿಧಿಸಲಾಗಿದೆ. ಮೊದಲನೆಯ ನಿಧಿಯಿಂದ ತಿಂಗಳಿಗೆ 20, ವರ್ಷಕ್ಕೆ 240 ಕಾರ್ಷಾಪಣಗಳು ಬರುತ್ತವೆ. ವರ್ಷಾವಾಸವನ್ನು ಆಚರಿಸುವ 20 ಭಿಕ್ಷುಗಳಿಗೆ ಚೀವರಕ್ಕಾಗಿ ತಲೆಗೆ 12ರಂತೆ ಬೇಕಾದುದೂ ಸರಿಯಾಗಿ 240. ಈ ವ್ಯವಸ್ಥೆಯನ್ನು ನಿಗಮಸಭೆಯಲ್ಲಿ ಸಾರಿ ದಾಖಲೆ ಮಾಡಿಸಿದುದನ್ನೂ ಶಾಸನವು ತಿಳಿಸುತ್ತದೆ.

ಉದ್ದೇಶವನ್ನು ಖಚಿತವಾಗಿ ಹೇಳುವುದು, ಆ ಉದ್ದೇಶಕ್ಕೆ ಬೇಕಾದ ಆದಾಯದಿಂದ ಮೂಲಧನವನ್ನು ನಿರ್ಣಯಿಸುವುದು, ಧನವನ್ನೆಲ್ಲ ಒಂದೇ ಕಡೆ ಇಡದೆ ವಿಭಾಗಿಸುವುದು, ವ್ಯವಸ್ಥೆಯನ್ನು ಬಹಿರಂಗಪಡಿಸುವುದು, ಈ ನಾಲ್ಕು ಅಂಶಗಳು ಇಲ್ಲಿ ಸ್ಪಷ್ಟವಾಗಿವೆ. ಆದರೆ ಲೆಕ್ಕದಲ್ಲಿ ಒಂದು ಬಿರುಕೂ ಇದೆ. ಬಂದ 240ಕ್ಕೆ ವೆಚ್ಚವೂ 240 ಆದಮೇಲೆ ಮೂಲವನ್ನು ಬೆಳೆಸಲು ಏನೂ ಉಳಿಯುವುದಿಲ್ಲ. ಬಟ್ಟೆಯ ಬೆಲೆ ಇಮ್ಮಡಿಯಾದರೆ ನಾಣ್ಯದ ಸಂಖ್ಯೆ ಅಕ್ಷಯವಾಗಿಯೇ ಇದ್ದು ಭಿಕ್ಷುವಿನ ಚೀವರವು ಅರ್ಧವಾಗುತ್ತದೆ.

ಈ ಬಿರುಕನ್ನು ಮುಚ್ಚುವ ಉಪಾಯವು ಬೇರೆ ಶಾಸನಗಳಲ್ಲಿ ದೊರೆಯುತ್ತದೆ. ಗುಪ್ತಸಂವತ್ಸರ 146ರ, ಎಂದರೆ ಕ್ರಿ. ಶ. 465–66ರ, ಸ್ಕಂದಗುಪ್ತನ ಕಾಲದ ಇಂದೋರ್ ತಾಮ್ರಶಾಸನದಲ್ಲಿ ದೇವವಿಷ್ಣುವೆಂಬ ಬ್ರಾಹ್ಮಣನು ಸೂರ್ಯದೇವಾಲಯದ ದೀಪಕ್ಕಾಗಿ ಇಂದ್ರಪುರದ ತೈಲಿಕಶ್ರೇಣಿಯಲ್ಲಿ ಮೂಲ್ಯವನ್ನು ಇರಿಸುತ್ತಾನೆ. ಶ್ರೇಣಿಯು ಕೊಡತಕ್ಕದ್ದು ನಾಣ್ಯವಲ್ಲ. ಎರಡು ಪಲಗಳ ತೂಕದ ಎಣ್ಣೆ. ಶ್ರೇಣಿಯು ಆ ಊರನ್ನು ಬಿಟ್ಟು ಬೇರೆಡೆಗೆ ಹೋದರೂ, ಅದರ ಒಗ್ಗಟ್ಟು ಇರುವವರೆಗೆ, ಈ ಹೊಣೆಯು ತಪ್ಪತಕ್ಕದ್ದಲ್ಲ. ಪಾಂಡ್ಯ ವರಗುಣನ ಅಂಬಾಸಮುದ್ರದ ಶಾಸನದಲ್ಲಿಯೂ 290 ಕಾಸುಗಳಿಗೆ ಬಡ್ಡಿಯಾಗಿ ಕಾಸೊಂದಕ್ಕೆ ವರ್ಷಕ್ಕೆ 2 ಕಲದಂತೆ 580 ಕಲ ಬತ್ತವು ಗೊತ್ತಾಗಿದೆ. ಎಣ್ಣೆ ಬತ್ತಗಳ ಬೆಲೆ ಏರಿದರೂ ಇಳಿದರೂ ದೇವರ ದೀಪಕ್ಕೂ ನೈವೇದ್ಯಕ್ಕೂ ಕೊರತೆಯಿಲ್ಲ. ಇಲ್ಲಿ ಅಕ್ಷಯವೆಂಬ ವಿಶೇಷಣವು ಸಂಖ್ಯೆಯಿಂದ ಫಲಕ್ಕೆ ಸಂಕ್ರಮಿಸಿದೆ. ಕ್ರಿ. ಶ. 1010ರಲ್ಲಿ ಪೂರ್ಣವಾದ ತಂಜಾವೂರಿನ ರಾಜರಾಜೇಶ್ವರದ ಧನವು ಅನೇಕ ಗ್ರಾಮಸಭೆಗಳಲ್ಲಿ ವರ್ಷಕ್ಕೆ ನೂರಕ್ಕೆ ಹನ್ನೆರಡೂವರೆಯ ಬಡ್ಡಿಗೆ ಹಂಚಿಹೋಗಿತ್ತು. ಒಂದು ಊರಿನ ಬೆಳೆ ಕೆಟ್ಟರೆ ದೇವಾಲಯವೇ ಬಡವಾಗದಿರಲು ಇಂಥ ಹಂಚಿಕೆಯು ಸಾಧನವಾಗುತ್ತದೆ.

ಇನ್ನು ಪಾಲಕನ ಹೊಣೆಯನ್ನು ಧರ್ಮಶಾಸ್ತ್ರವು ಹೇಗೆ ನಿರೂಪಿಸಿದೆಯೆಂಬುದನ್ನು ನೋಡಬಹುದು. ಯಾಜ್ಞವಲ್ಕ್ಯಸ್ಮೃತಿಯ ವ್ಯವಹಾರಾಧ್ಯಾಯದಂತೆ ಸಮೂಹದ ಕಾರ್ಯಚಿಂತಕರು ಧರ್ಮಜ್ಞರೂ ಶುಚಿಗಳೂ ಅಲುಬ್ಧರೂ ಆಗಿರಬೇಕು. ಸಮೂಹದ ಕಾರ್ಯಕ್ಕಾಗಿ ಹೋದವನು ಅಲ್ಲಿ ತನಗೆ ದೊರೆತುದನ್ನು ಸಮೂಹಕ್ಕೇ ಒಪ್ಪಿಸಬೇಕು. ತಾನಾಗಿ ಒಪ್ಪಿಸದಿದ್ದರೆ ಹನ್ನೊಂದು ಮಡಿ ತೆರಬೇಕು. ಗಣದ್ರವ್ಯವನ್ನು ಅಪಹರಿಸಿದವನಿಗೆ ಸರ್ವಸ್ವಹರಣವೂ ದೇಶಭ್ರಷ್ಟತೆಯೂ ದಂಡ. ತನ್ನಲ್ಲಿಟ್ಟ ಧನವು ರಾಜನಿಂದಲೋ ದೈವದಿಂದಲೋ ಕಳ್ಳರಿಂದಲೋ ಹೋದರೆ ಇಟ್ಟುಕೊಂಡವನು ಅದನ್ನು ತೆರಬೇಕಾಗಿಲ್ಲ. ಸ್ವೇಚ್ಛೆಯಿಂದ ಅದನ್ನು ಬಳಸಿ ಜೀವಿಸಿದರೆ ದಂಡವನ್ನೂ, ವೃದ್ಧಿಸಹಿತವಾಗಿ ಆ ಧನವನ್ನೂ ಕೊಡಬೇಕು. ಹೀಗೆ ನಷ್ಟಮಾತ್ರದಿಂದ ದೋಷವು ಸಿದ್ಧವಾಗುವುದಿಲ್ಲ. ಲೋಭದಿಂದ ದೋಷವು ಸಿದ್ಧವಾಗುತ್ತದೆ.

ಲಾಭಕ್ಕೂ ಅಪಾಯಕ್ಕೂ ಇರುವ ಸಂಬಂಧವನ್ನೂ ಈ ಸ್ಮೃತಿಯು ಬಲ್ಲದು. ಅಡವು ಇದ್ದರೆ ತಿಂಗಳಿಗೆ ಎಂಬತ್ತರಲ್ಲಿ ಒಂದು ಭಾಗ ಬಡ್ಡಿ. ಕಾಡುದಾರಿಯ ವರ್ತಕರಿಗೆ ನೂರಕ್ಕೆ 10, ಸಮುದ್ರಯಾನದವರಿಗೆ ನೂರಕ್ಕೆ 20. ಕಲ್ಯಾಣದ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ (1076–1126) ಮಿತಾಕ್ಷರೆಯನ್ನು ರಚಿಸಿದ ವಿಜ್ಞಾನೇಶ್ವರನು ಇದಕ್ಕೆ ಕೊಡುವ ಕಾರಣವು ಮೂಲವೇ ನಾಶವಾಗಬಹುದೆಂಬ ಶಂಕೆ. ಆದುದರಿಂದ ಹೆಚ್ಚಿನ ಬಡ್ಡಿಯನ್ನು ಕಂಡು ಹಿಗ್ಗುವ ಪಾಲಕನು ಆ ಹೆಚ್ಚಳವು ಯಾವ ಕಾಡಿನ, ಯಾವ ಕಡಲಿನ ಬೆಲೆಯೆಂಬುದನ್ನು ಮೊದಲು ವಿಚಾರಿಸಬೇಕು.

ಆಧುನಿಕ ನ್ಯಾಯವೂ ಬಹುಮಟ್ಟಿಗೆ ಈ ಮಾರ್ಗದಲ್ಲಿಯೇ ನಡೆದಿದೆ. 1882ರ ಭಾರತೀಯ ನ್ಯಾಸ ಅಧಿನಿಯಮದ 15ನೆಯ ಪ್ರಕರಣದಂತೆ ಸಾಮಾನ್ಯ ವಿವೇಕಿಯು ತನ್ನ ಸ್ವತ್ತನ್ನು ನೋಡಿಕೊಳ್ಳುವ ಎಚ್ಚರಿಕೆಯಿಂದ ನ್ಯಾಸಧಾರಿಯು ನ್ಯಾಸದ ಸ್ವತ್ತನ್ನು ನೋಡಿಕೊಳ್ಳಬೇಕು. 19ನೆಯದು ಲೆಕ್ಕವಿಡುವುದನ್ನು ವಿಧಿಸುತ್ತದೆ. 47ನೆಯದು ಹೊಣೆಯನ್ನು ಯಥೇಚ್ಛವಾಗಿ ಪರರಿಗೆ ವಹಿಸುವುದನ್ನೂ, 51ನೆಯದು ನ್ಯಾಸದಿಂದ ಸ್ವಂತ ಲಾಭ ಪಡೆಯುವುದನ್ನೂ ನಿಷೇಧಿಸುತ್ತವೆ. ಒಂದು ನಿಯಮಭಂಗದ ನಷ್ಟವನ್ನು ಮತ್ತೊಂದು ನಿಯಮಭಂಗದ ಲಾಭಕ್ಕೆ ವಜಾ ಹಾಕಿಕೊಳ್ಳಲು 24ನೆಯದು ಅವಕಾಶ ಕೊಡುವುದಿಲ್ಲ. ಧನವನ್ನು ಯಾವ ಪತ್ರಗಳಲ್ಲಿ ತೊಡಗಿಸಬಹುದೆಂದು 20ನೆಯ ಪ್ರಕರಣವು ಹಿಂದೆ ಒಂದೊಂದಾಗಿ ಎಣಿಸುತ್ತಿದ್ದಿತು. 2016ರ ತಿದ್ದುಪಡಿಯಿಂದ ಆ ಪಟ್ಟಿಯು ಹೋಗಿ, ನ್ಯಾಸಪತ್ರವು ಸ್ಪಷ್ಟವಾಗಿ ಒಪ್ಪಿದವುಗಳಿಗೂ ಕೇಂದ್ರ ಸರಕಾರವು ಪ್ರಕಟಿಸಿದ ವರ್ಗಗಳಿಗೂ ಸ್ಥಾನ ದೊರೆಯಿತು. ಧಾರ್ಮಿಕ ಮತ್ತು ಧರ್ಮಾರ್ಥ ದತ್ತಿಗಳು ಈ ಅಧಿನಿಯಮದ ಅಕ್ಷರಕ್ಕೆ ಒಳಪಡದಿದ್ದರೂ ಅದರ ತತ್ತ್ವವು ಅವುಗಳ ಪಾಲಕರಿಗೂ ದಾರಿದೀಪವಾಗಿದೆ.

ಪಟ್ಟಿಯೊಂದರಿಂದ ವಿವೇಕವು ಪೂರ್ಣವಾಗುವುದಿಲ್ಲವೆಂಬುದನ್ನು ಅಮೆರಿಕದ ಮ್ಯಾಸಚೂಸೆಟ್ಸ್ ನ್ಯಾಯಾಲಯವು 1830ರಲ್ಲಿಯೇ ಹೇಳಿತು. ಜಾನ್ ಮೆಕ್‌ಲೀನನೆಂಬುವನು 50,000 ಡಾಲರುಗಳನ್ನು ನ್ಯಾಸವಾಗಿಟ್ಟು, ಆದಾಯವು ಹೆಂಡತಿಗೂ, ಅವಳ ಅನಂತರ ಮೂಲವು ಹಾರ್ವರ್ಡ್ ವಿದ್ಯಾಲಯಕ್ಕೂ ಒಂದು ಆಸ್ಪತ್ರೆಗೂ ಸೇರಬೇಕೆಂದು ವಿಧಿಸಿದ್ದನು. ಪಾಲಕರು ಕೊಂಡ ಪಾಲುಪತ್ರಗಳ ಬೆಲೆ ಕುಸಿದಾಗ ವಿದ್ಯಾಲಯ ಮತ್ತು ಆಸ್ಪತ್ರೆಗಳು ದಾವೆ ಹೂಡಿದುವು. ನ್ಯಾಯಾಧೀಶ ಪಟ್ನಮನು ಪಾಲಕರನ್ನು ಹೊಣೆಗಾರರನ್ನಾಗಿ ಮಾಡಲಿಲ್ಲ. ವಿವೇಕಿಗಳು ಜೂಜಿನ ಬುದ್ಧಿಯಿಲ್ಲದೆ, ಸ್ಥಿರವಾದ ವಿನಿಯೋಗದ ದೃಷ್ಟಿಯಿಂದ, ಆದಾಯ ಮತ್ತು ಸುರಕ್ಷತೆಗಳೆರಡನ್ನೂ ತೂಗಿ ತಮ್ಮ ಧನವನ್ನು ಹೇಗೆ ನಡೆಸುವರೋ ಹಾಗೆ ನಡೆಸಿದರೆ ಸಾಕೆಂಬುದು ಆ ತೀರ್ಪಿನ ತಾತ್ಪರ್ಯ. ಫಲಕ್ಕಿಂತ ನಡತೆಯನ್ನು ಪರೀಕ್ಷಿಸುವ ಈ ನ್ಯಾಯವು ಯಾಜ್ಞವಲ್ಕ್ಯನ ದೃಷ್ಟಿಗೆ ಸಮೀಪವಾದುದು.

ಅತಿಯಾದ ಭಯವೂ ನಿಧಿಯನ್ನು ಕ್ಷಯಿಸಬಲ್ಲದು. ಆಲ್ಫ್ರೆಡ್ ನೊಬೆಲನು 1895ರ ತನ್ನ ಮರಣಶಾಸನದಲ್ಲಿ ಧನವನ್ನು ಸುರಕ್ಷಿತ ಪತ್ರಗಳಲ್ಲಿ ತೊಡಗಿಸಬೇಕೆಂದು ವಿಧಿಸಿದನು. ಪಾಲಕರು ಬಹುಕಾಲ ಇದನ್ನು ನಿಯತವಾದ ಬಡ್ಡಿ ಬರುವ ಸಾಲಪತ್ರಗಳೆಂದೇ ಅರ್ಥ ಮಾಡಿಕೊಂಡರು. ಕರಭಾರದಿಂದಲೂ ಬೆಲೆಗಳ ಏರಿಕೆಯಿಂದಲೂ ಪಾರಿತೋಷಕದ ನಿಜಮೌಲ್ಯವು ಕುಗ್ಗಿಹೋಯಿತು. 1946ರಲ್ಲಿ ತೆರಿಗೆಯ ವಿನಾಯಿತಿಯೂ, 1953ರಲ್ಲಿ ಪಾಲುಪತ್ರಗಳನ್ನು ಕೊಳ್ಳುವ ಸ್ವಾತಂತ್ರ್ಯವೂ ದೊರೆತ ಬಳಿಕ ಸ್ಥಿತಿಯು ಸುಧಾರಿಸಿ, 1901ರ ಮೌಲ್ಯವು ಮರಳಿ ಬಂದುದು 1991ರಲ್ಲಿ. ಮುಂದೆ 2012ರಲ್ಲಿ ಪಾಲಕರು ಪಾರಿತೋಷಕವನ್ನು ಒಂದು ಕೋಟಿ ಕ್ರೋನರುಗಳಿಂದ 80 ಲಕ್ಷಕ್ಕೆ ಇಳಿಸಿದರು. ಇಂದಿನವರಿಗೆ ತುಸು ಕಡಮೆ ಕೊಟ್ಟಾದರೂ ಮುಂದಿನವರ ಪಾಲನ್ನು ಉಳಿಸುವುದು ಪಾಲಕನ ಅಪ್ರಿಯವಾದರೂ ಅನಿವಾರ್ಯವಾದ ಕರ್ತವ್ಯವೆಂಬುದಕ್ಕೆ ಇದು ನಿದರ್ಶನ.

ಪಾಲಕನ ಸ್ವಂತ ಮತವು, ಸದುದ್ದೇಶದಿಂದ ಕೂಡಿದ್ದರೂ, ಈ ಕರ್ತವ್ಯಕ್ಕೆ ಅಡ್ಡ ಬರಬಾರದು. ಇಂಗ್ಲೆಂಡಿನ ಗಣಿಗಾರರ ನಿವೃತ್ತಿವೇತನ ನಿಧಿಯ ಪಾಲಕರಲ್ಲಿ ಕಾರ್ಮಿಕಸಂಘದವರು, ಪರದೇಶಗಳಲ್ಲಿಯೂ ಕಲ್ಲಿದ್ದಲಿಗೆ ಸ್ಪರ್ಧಿಯಾದ ಉದ್ಯಮಗಳಲ್ಲಿಯೂ ಧನವನ್ನು ತೊಡಗಿಸಕೂಡದೆಂದು ಹಟ ಹಿಡಿದರು. 1984ರಲ್ಲಿ ನ್ಯಾಯಾಧೀಶ ಮೆಗಾರಿಯು ಇದನ್ನು ಒಪ್ಪದೆ, ಇಂದಿನ ಮತ್ತು ಮುಂದಿನ ಫಲಾನುಭವಿಗಳ ಹಿತವೇ ಪ್ರಧಾನವೆಂದು ನಿರ್ಣಯಿಸಿದನು.

ಈ ವಿಚಾರವು ಸಾಹಿತ್ಯಸಂಸ್ಥೆಗಳಿಗೆ ದೂರವಾದುದಲ್ಲ. ಒಬ್ಬ ವಿದ್ವಾಂಸನ ಹೆಸರಿನಲ್ಲಿ ವರ್ಷಕ್ಕೊಂದು ಉಪನ್ಯಾಸವಾಗಲೆಂದು ಇಟ್ಟ ದತ್ತಿಯ ಬಡ್ಡಿಯು ಕಾಲಕ್ರಮದಲ್ಲಿ ಉಪನ್ಯಾಸಕನ ಪ್ರಯಾಣಕ್ಕೂ ಸಾಲದಾದರೆ, ಲೆಕ್ಕಪುಸ್ತಕದಲ್ಲಿ ಮೂಲವು ಪೂರ್ಣವಾಗಿದ್ದರೂ ದಾತನ ಸಂಕಲ್ಪವು ಭಗ್ನವಾದಂತೆಯೇ. ಆದುದರಿಂದ ನಿಧಿಪಾಲಕರು ಪ್ರತಿವರ್ಷವೂ ಮೂರನ್ನು ಪರಿಶೀಲಿಸತಕ್ಕದ್ದು: ಮೂಲವು ಎಲ್ಲೆಲ್ಲಿ, ಯಾರಲ್ಲಿ, ಯಾವ ಅಪಾಯದಲ್ಲಿದೆ, ಅದರ ಫಲವು ಉದ್ದಿಷ್ಟ ಕಾರ್ಯಕ್ಕೆ ಇಂದಿನ ಬೆಲೆಯಲ್ಲಿ ಸಾಲುವುದೇ, ಆದಾಯದಲ್ಲಿ ಒಂದಂಶವು ಮೂಲಕ್ಕೆ ಮರಳಿ ಸೇರುತ್ತಿದೆಯೇ. ಉತ್ತರಗಳನ್ನು, ಉಷವದಾತನು ನಿಗಮಸಭೆಯಲ್ಲಿ ಸಾರಿಸಿದಂತೆ, ಸದಸ್ಯರ ಮುಂದೆ ಇಡತಕ್ಕದ್ದು.

ತಾನು ಕೊಡುವ ಪುಣ್ಯಕ್ಕಿಂತ ಪರರು ಕೊಟ್ಟುದನ್ನು ಪಾಲಿಸುವ ಪುಣ್ಯವು ಇಮ್ಮಡಿಯೆಂದು ನಮ್ಮ ದಾನಶಾಸನಗಳ ಕೊನೆಯಲ್ಲಿ ಮತ್ತೆ ಮತ್ತೆ ಕೆತ್ತಿರುವುದನ್ನು ಶಾಸನಾಭ್ಯಾಸಿಗಳು ಬಲ್ಲರು. ಕೊಡುವವನು ಒಂದು ದಿನ ಕೊಡುತ್ತಾನೆ. ಪಾಲಿಸುವವನು ದಿನದಿನವೂ ತನ್ನ ಲೋಭವನ್ನೂ ಆಲಸ್ಯವನ್ನೂ ಭಯವನ್ನೂ ಗೆಲ್ಲಬೇಕು. ಪಾಲನೆಗೆ ಇಮ್ಮಡಿಯ ಪುಣ್ಯವನ್ನು ಹೇಳಿರುವುದು ಅರ್ಥವಾದಮಾತ್ರವಲ್ಲವೆಂಬುದು ಇದರಿಂದ ಸ್ಪಷ್ಟವಾಗುತ್ತದೆ.