ಮುಟ್ಟದೆ ನಡುಗಿದ ತಂತಿ

ನನ್ನ ಬಸ್ ಟಿಕೆಟ್ಟನ್ನು ಇಸಿದುಕೊಂಡ ಆ ಅಮ್ಮ ಅದರಿಂದ ಉಗುರಿನಷ್ಟು ಚೂರು ಹರಿದರು. ನಡುವೆ ಮಡಚಿ, ತಂಬೂರಿಯ ಮೂರನೇ ತಂತಿಯ ಮೇಲೆ ಸವಾರನಂತೆ ಕೂರಿಸಿದರು. 'ಈಗ ನೋಡು ಕಣಪ್ಪಾ' ಎಂದು ಎರಡನೇ ತಂತಿ ಮೀಟಿದರು. ಮೂರನೆಯದನ್ನು ಯಾರೂ ಮುಟ್ಟಿರಲಿಲ್ಲ. ಆದರೂ ಟಿಕೆಟ್ಟಿನ ಚೂರು ಗಡಗಡ ನಡುಗಿ, ಜಿಗಿದು, ನನ್ನ ಕಾಫಿ ಲೋಟದ ಪಕ್ಕ ಬಿತ್ತು.

ಸಕಲೇಶಪುರದಿಂದ ಹಾನುಬಾಳಿಗೆ ನಾನು ಹೋಗಿದ್ದು ಕಾಳುಮೆಣಸಿನ ಬಗ್ಗೆ ಬರೆಯಲು. ಆಷಾಢದ ಮಳೆ ತೋಟಕ್ಕೆ ಕಾಲಿಡಲು ಬಿಡಲಿಲ್ಲ. ತೋಟದ ಯಜಮಾನರ ತಾಯಿ ಒಂದು ಕಾಲಕ್ಕೆ ಸಂಗೀತದ ಮೇಡಂ ಆಗಿದ್ದವರು. ಜಗಲಿಯ ಬೆಂಚಿನ ಮೇಲೆ ಎರಡು ತಂಬೂರಿ ಒರಗಿಸಿಟ್ಟು, ಮಳೆಗೆ ಕೆಟ್ಟ ಶ್ರುತಿಯನ್ನು ಸರಿಮಾಡುತ್ತ ಕೂತಿದ್ದರು. ಮೆಣಸು ಅಲ್ಲಿಗೇ ಮರೆತುಹೋಯಿತು.

ತಂಬೂರಿಗೆ ನಾಲ್ಕು ತಂತಿ: ಪಂಚಮ, ಸಾರಣಿ, ಅನುಸಾರಣಿ, ಮಂದ್ರ. ನಡುವಿನ ಎರಡೂ ಒಂದೇ ಷಡ್ಜಕ್ಕೆ ನಿಲ್ಲುವ ಜೋಡಿ. ಸಾರಣಿಯನ್ನು ಮೀಟಿದರೆ ಅದರ ಕಂಪನ ತಂತಿಗಳನ್ನು ಹೊತ್ತ ಕುದುರೆಯ ಮೂಲಕ ಅನುಸಾರಣಿಗೆ ಹರಿಯುತ್ತದೆ. ಎರಡರ ಕಂಪನಸಂಖ್ಯೆ ಒಂದೇ ಆದ್ದರಿಂದ ಪ್ರತಿ ತಳ್ಳೂ ಸರಿಯಾದ ಹೊತ್ತಿಗೆ ಬೀಳುತ್ತದೆ. ಜೋಕಾಲಿಯನ್ನು ಅದರ ಓಟಕ್ಕೆ ಸರಿಯಾಗಿ ತಳ್ಳಿದ ಹಾಗೆ. ಶಾಲೆಯಲ್ಲಿ ಇದನ್ನು ಅನುರಣನೆ ಎಂದು ಬಾಯಿಪಾಠ ಮಾಡಿದ್ದೆ. ಕಣ್ಣಾರೆ ಕಂಡದ್ದು ಮಾತ್ರ ಅವತ್ತೇ.

ಅಮ್ಮ ಅನುಸಾರಣಿಯ ಶ್ರುತಿ ತಿದ್ದುವ ಮಣಿಯನ್ನು ಕೂದಲೆಳೆಯಷ್ಟು ಸರಿಸಿದರು. ಮತ್ತೆ ಸಾರಣಿ ಮೀಟಿದರು. ಚೂರು ಕೂತಲ್ಲೇ ಕೂತಿತ್ತು. ಮಣಿ ಹಿಂದಕ್ಕೆ ಬಂತು, ಚೂರು ಮತ್ತೆ ಕುಣಿಯಿತು. ಮಂದ್ರ ಮೀಟಿದಾಗಲೂ ಅದು ಸಣ್ಣಗೆ ಅದುರಿತು. ಮಂದ್ರ ಷಡ್ಜದ ಹೊಟ್ಟೆಯೊಳಗೆ ಅದರ ಎರಡರಷ್ಟು ಕಂಪನದ ಮಧ್ಯ ಷಡ್ಜವೂ ಅಡಗಿರುವುದೇ ಕಾರಣ.

ನನ್ನ ಉತ್ಸಾಹ ಅಲ್ಲಿಗೆ ನಿಲ್ಲಲಿಲ್ಲ. ಚೂರನ್ನು ಎರಡನೇ ತಂಬೂರಿಯ ಮೇಲೆ ಕೂರಿಸಿ ಮೊದಲನೆಯದನ್ನು ಮೀಟಿದೆವು. ಎರಡೂ ಒಂದೇ ಬೆಂಚಿನ ಮೇಲಿದ್ದಾಗ ಚೂರು ಅಲುಗಿತು. ಒಂದನ್ನು ಹತ್ತಿಯ ಹಾಸಿಗೆಯ ಮೇಲಿಟ್ಟಾಗ ಹೌದೋ ಅಲ್ಲವೋ ಎನ್ನುವಷ್ಟು. ಪಕ್ಕದ ಕೋಣೆಗೆ ಒಯ್ದು ಬಾಗಿಲು ಹಾಕಿದಾಗ ಏನೂ ಇಲ್ಲ. 'ಮಧ್ಯದ ದಾರಿ ತಪ್ಪಿಸಿದ್ರೆ ಅದೇನು ಮಾಡುತ್ತೆ ಪಾಪ' ಎಂದರು ಅಮ್ಮ. ಈ ಲೇಖನದ ಸಾರವೆಲ್ಲ ಆ ಒಂದು ಮಾತಿನಲ್ಲಿದೆ.

ಇದರ ಹಿಂದಿನ ಚರಿತ್ರೆಯನ್ನು ಬೇಗ ಹೇಳಿಬಿಡುತ್ತೇನೆ. ಭರತ ನಾಟ್ಯಶಾಸ್ತ್ರದಲ್ಲಿ ಶ್ರುತಿಗಳನ್ನು ವಿವರಿಸಲು ಒಂದೇ ಸಮ ಶ್ರುತಿ ಮಾಡಿದ ಎರಡು ವೀಣೆ ಇಟ್ಟುಕೊಂಡ. ಒಂದು ಧ್ರುವ, ಕದಲದ್ದು, ಇನ್ನೊಂದು ಚಲ. 1665ರಲ್ಲಿ ಡಚ್ ವಿಜ್ಞಾನಿ ಹೈಗೆನ್ಸ್ ಕಾಯಿಲೆ ಬಿದ್ದು ಮಲಗಿದ್ದಾಗ, ಒಟ್ಟಿಗೆ ತೂಗುಹಾಕಿದ್ದ ಎರಡು ಲೋಲಕ ಗಡಿಯಾರಗಳನ್ನು ಗಮನಿಸಿದ. ಹೇಗೆ ಕೆಡಿಸಿದರೂ ಅರ್ಧ ಗಂಟೆಯೊಳಗೆ ಎರಡೂ ತಾಳ ಕೂಡಿಸಿಕೊಳ್ಳುತ್ತಿದ್ದವು, ಒಂದು ಎಡಕ್ಕಾದರೆ ಇನ್ನೊಂದು ಬಲಕ್ಕೆ. ಮೊದಲು ಗಾಳಿಯ ಮೇಲೆ ಅನುಮಾನಪಟ್ಟ. ಆಮೇಲೆ ಎರಡನ್ನೂ ಹೊತ್ತಿದ್ದ ಮರದ ತೊಲೆಯೇ ನಡುವಿನ ದೂತ ಎಂದು ಕಂಡುಕೊಂಡ. ಶಾಸ್ತ್ರದ ಲೆಕ್ಕದಲ್ಲಿ ಇದು ಅನುರಣನೆಯ ದಾಯಾದಿ. ಜಗಲಿಯ ಬೆಂಚು ಮಾತ್ರ ಹೈಗೆನ್ಸನ ತೊಲೆಯ ಸ್ವಂತ ತಮ್ಮ.

ನಮ್ಮ ಸಿ.ವಿ. ರಾಮನ್ ಬೆಳಕಿಗೆ ಹೆಸರಾಗುವ ಮೊದಲೇ ವಾದ್ಯಗಳ ಬೆನ್ನು ಹತ್ತಿದ್ದರು. ತಂತಿಯನ್ನು ಒಂದು ಬಿಂದುವಿನಲ್ಲಿ ಮೀಟಿದರೆ, ಆ ಬಿಂದುವಿನಲ್ಲಿ ನಿಶ್ಚಲವಾಗಿರಬೇಕಾದ ಉಪಸ್ವರ ಕೇಳಬಾರದು ಎನ್ನುತ್ತಿತ್ತು ಯುರೋಪಿನ ನಿಯಮ. ತಂಬೂರಿ ಮತ್ತು ವೀಣೆಯಲ್ಲಿ ಅದು ಕೇಳುತ್ತದೆ ಎಂದು 1921ರಲ್ಲಿ ರಾಮನ್ ತೋರಿಸಿದರು. ತಂತಿ ಸವರಿಕೊಂಡು ಹೋಗುವ ಬಾಗಿದ ಕುದುರೆ, ಜೊತೆಗೆ ತಂಬೂರಿಯಲ್ಲಿ ಕುದುರೆಗೂ ತಂತಿಗೂ ನಡುವೆ ಸಿಕ್ಕಿಸುವ ಒಂದೆಳೆ ದಾರ, ಈ ಗುಟ್ಟಿನ ಮೂಲ. ಆ ದಾರಕ್ಕೆ ನಮ್ಮವರು ಜೀವಾಳ ಎಂದು ಹೆಸರಿಟ್ಟಿದ್ದಾರೆ. ಅದಕ್ಕಿಂತ ಒಳ್ಳೆಯ ಪಾರಿಭಾಷಿಕ ಪದ ಯಾವ ವಿಜ್ಞಾನಿಯಿಂದಲೂ ಬಂದಿಲ್ಲ ಎಂಬುದು ನನ್ನ ಪಕ್ಷಪಾತದ ಅಭಿಪ್ರಾಯ.

ಇನ್ನು ನನ್ನ ಮೆಚ್ಚಿನ ಬಸವನಹುಳು. ಅಂದು ಜಗಲಿಯ ಕಟ್ಟೆ ಹತ್ತುತ್ತಿದ್ದ ಒಂದನ್ನು ಕಂಡು ಅಮ್ಮನಿಗೆ ಈ ಕಥೆ ಹೇಳಿದೆ. ಏಳು ಸಮುದ್ರದಾಚೆಯ ಗಿಳಿಯ ಕಾಲು ಮುರಿದರೆ ಇಲ್ಲಿ ರಾಕ್ಷಸನ ಕಾಲು ಮುರಿಯುವ ಅಜ್ಜಿಕಥೆ ನಮಗೆಲ್ಲ ಗೊತ್ತು. ಅದನ್ನೇ ವಿಜ್ಞಾನ ಎಂದು ಪ್ಯಾರಿಸ್ಸಿನಲ್ಲಿ ಮಾರಲು ಹೊರಟವನು ಬೆನ್ವಾ ಎಂಬಾತ. ಒಮ್ಮೆ ಕೂಡಿದ ಎರಡು ಬಸವನಹುಳುಗಳ ನಡುವೆ ಕಾಣದ ದ್ರವವೊಂದು ಶಾಶ್ವತವಾಗಿ ಹರಿಯುತ್ತದೆ, ಎಷ್ಟೇ ದೂರವಿದ್ದರೂ ಒಂದನ್ನು ಮುಟ್ಟಿದರೆ ಇನ್ನೊಂದು ಮಿಡಿಯುತ್ತದೆ ಎಂಬುದು ಅವನ ಸಿದ್ಧಾಂತ. ಆ ನಂಬಿಕೆಯ ಮೇಲೆ ದೂರಕ್ಕೆ ಸಂದೇಶ ಕಳಿಸುವ ಜೋಡಿ ಯಂತ್ರಕ್ಕೆ ವ್ಯಾಯಾಮಶಾಲೆ ನಡೆಸುತ್ತಿದ್ದ ತ್ರಿಯಾ ಎಂಬಾತ ದುಡ್ಡು ಹಾಕಿದ. ದೊಡ್ಡ ಮರದ ಚೌಕಟ್ಟು, ಸತುವಿನ ಬಟ್ಟಲು, ಮೈಲುತುತ್ತದ ನೀರಲ್ಲಿ ನೆನೆಸಿದ ಬಟ್ಟೆ, ಪ್ರತಿ ಬಟ್ಟಲಿಗೆ ಅಂಟಿಸಿದ ಒಂದೊಂದು ಹುಳು, ಪ್ರತಿ ಹುಳುವಿಗೆ ಒಂದೊಂದು ಅಕ್ಷರ: ಒಟ್ಟು 24 ಜೋಡಿ. ಬೋರ್ಡೋ ದ್ರಾವಣ ಹೊಡೆಯುವ ನಮ್ಮ ತೋಟದವರಿಗೆ ಮೈಲುತುತ್ತದ ಘಾಟು ಗೊತ್ತು. ಆ ಹುಳುಗಳ ಪಾಡು ಏನಾಗಿತ್ತೋ!

1850ರ ಅಕ್ಟೋಬರ್ 2ರಂದು ಪ್ರದರ್ಶನ. ಪತ್ರಕರ್ತ ಅಲಿಕ್ಸ್ ಒಂದು ಯಂತ್ರದ ಹುಳು ಮುಟ್ಟಿದ, ಅದೇ ಕೋಣೆಯ ಇನ್ನೊಂದು ಯಂತ್ರದಲ್ಲಿ ಪದ ಬಂತು, ಕಾಗುಣಿತ ಕೆಟ್ಟಿದ್ದರೂ. ನಡುನಡುವೆ ಏನೋ ನೆಪ ತೆಗೆದು ಬೆನ್ವಾ ಎರಡೂ ಯಂತ್ರಗಳ ನಡುವೆ ಓಡಾಡುತ್ತಲೇ ಇದ್ದ. ಅಲಿಕ್ಸ್ ಪತ್ರಿಕೆಯಲ್ಲಿ ಹೊಗಳಿ ಬರೆದ. ನನ್ನ ಕಸುಬಿನವರ ಮಾನ ಆವತ್ತು ಹೋಯಿತು. ತ್ರಿಯಾ ಮಾತ್ರ ಇನ್ನೊಂದು ಬಿಗಿಯಾದ ಪರೀಕ್ಷೆ ಬೇಕೆಂದ. ಒಪ್ಪಿದ ಬೆನ್ವಾ ಆ ದಿನಕ್ಕೆ ಮೊದಲೇ ನಾಪತ್ತೆಯಾದ.

ಅಮ್ಮ ಬಿದ್ದು ಬಿದ್ದು ನಕ್ಕರು. 'ಹಂಗಾದ್ರೆ ಅವರ ಯಂತ್ರಕ್ಕೆ ಅವನೇ ಬೆಂಚು' ಎಂದರು.

ಇವತ್ತು ಬಸವನಹುಳು ಹೋಗಿ ಹರಳು, ತಾಮ್ರದ ಬಳೆ ಬಂದಿವೆ. ಇಬ್ಬರ 'ಫ್ರೀಕ್ವೆನ್ಸಿ' ಕೂಡಿಸುತ್ತೇವೆ ಎನ್ನುವವರು ಮೊಬೈಲಿನಲ್ಲೇ ಸಿಗುತ್ತಾರೆ. ಅವರೆಲ್ಲ ಬಳಸುವ ಉದಾಹರಣೆ ಮಾತ್ರ ಈ ತಂಬೂರಿಯದೇ. ಆದರೆ ತಂಬೂರಿ ತನ್ನ ಗುಟ್ಟನ್ನು ಬಚ್ಚಿಡುವುದಿಲ್ಲ. ಮಣಿ ಸರಿಸಿದರೆ ಸೋಲುತ್ತದೆ, ಬೆಂಚು ತಪ್ಪಿಸಿದರೆ ಸೋಲುತ್ತದೆ, ಯಾರ ಎದುರಾದರೂ ಹಾಗೇ ಸೋಲುತ್ತದೆ. ಅದು ಸೋಲುವ ಜಾಗಗಳು ಗೊತ್ತಿರುವುದರಿಂದಲೇ ನನಗೆ ಅದರ ಮೇಲೆ ನಂಬಿಕೆ.

ಮನೆಯಲ್ಲಿ ತಂಬೂರಿ ಇದ್ದರೆ, ಅಥವಾ ಇರುವ ಮನೆ ಗೊತ್ತಿದ್ದರೆ, ಮುಂದಿನ ಸಲ ಬಸ್ ಟಿಕೆಟ್ ಎಸೆಯಬೇಡಿ. ಉಗುರಿನಷ್ಟು ಸಾಕು.