ಸರ್ಪಸುತ್ತಿಗೆ ಲಸಿಕೆ: ಯಾವ ಹಿರಿಯರಿಗೆ ಅಗತ್ಯ?

ಮನೆಯ ಹಿರಿಯರೊಬ್ಬರಿಗೆ ಎದೆಯ ಒಂದು ಪಕ್ಕದಲ್ಲಿ ಉರಿಯೂ ಸೂಜಿಯಿಂದ ಚುಚ್ಚಿದಂತಹ ನೋವೂ ಕಾಣಿಸಿಕೊಳ್ಳುತ್ತವೆ. ಎರಡು ಮೂರು ದಿನಗಳಲ್ಲಿ ಬೆನ್ನಿನಿಂದ ಎದೆಯವರೆಗೆ ಪಟ್ಟಿಯಂತೆ ಚರ್ಮ ಕೆಂಪೇರಿ, ಅದರ ಮೇಲೆ ನೀರುಗುಳ್ಳೆಗಳು ಗುಂಪುಗುಂಪಾಗಿ ಏಳುತ್ತವೆ. ನೋಡಿದವರು ‘ಇದು ಸರ್ಪಸುತ್ತು’ ಎನ್ನುತ್ತಾರೆ. ಹಾವಿನ ಹೆಡೆಯೂ ಬಾಲವೂ ಕೂಡಿದರೆ ಪ್ರಾಣಕ್ಕೇ ಅಪಾಯ ಎಂಬ ಮಾತು ಮನೆಮಂದಿಯನ್ನೆಲ್ಲ ನಡುಗಿಸುತ್ತದೆ. ಕೆಮ್ಮಣ್ಣು ಹಚ್ಚುವುದು, ಮಂತ್ರ ಹಾಕಿಸುವುದು, ಎಂದೋ ಹೊಲದಲ್ಲಿ ಕೊಂದ ಹಾವಿನ ದೋಷಕ್ಕೆ ಪರಿಹಾರ ಹುಡುಕುವುದು, ಇವುಗಳಲ್ಲಿಯೇ ಮೊದಲ ಮೂರು ನಾಲ್ಕು ದಿನಗಳು ಕಳೆದುಹೋಗುತ್ತವೆ. ಚಿಕಿತ್ಸೆಯ ದೃಷ್ಟಿಯಿಂದ ಅತ್ಯಂತ ಬೆಲೆಯುಳ್ಳ ದಿನಗಳೂ ಅವೇ ಆಗಿವೆ.

ಈ ಕಾಯಿಲೆಗೂ ಹಾವಿಗೂ ಯಾವ ಸಂಬಂಧವೂ ಇಲ್ಲ. ವೈದ್ಯಶಾಸ್ತ್ರದಲ್ಲಿ ಇದರ ಹೆಸರು ಹರ್ಪಿಸ್ ಜೋಸ್ಟರ್. ‘ಜೋಸ್ಟರ್’ ಎಂದರೆ ಗ್ರೀಕ್ ಭಾಷೆಯಲ್ಲಿ ನಡುಪಟ್ಟಿ. ನಮ್ಮ ಹಿರಿಯರು ಹಾವಿನ ಸುತ್ತನ್ನು ಕಂಡಲ್ಲಿ ಅವರು ನಡುಪಟ್ಟಿಯನ್ನು ಕಂಡರು. ಇಂದು ಈ ಕಾಯಿಲೆಯನ್ನು ಬಹುಮಟ್ಟಿಗೆ ತಡೆಯಬಲ್ಲ ಲಸಿಕೆ ನಮ್ಮ ದೇಶದಲ್ಲಿಯೂ ದೊರೆಯುತ್ತಿದೆ. ಅದು ಯಾರಿಗೆ ಉಪಯುಕ್ತ, ಯಾರು ಕಾಯಬೇಕು ಎಂಬುದನ್ನು ಹಿರಿಯರಿರುವ ಪ್ರತಿಯೊಂದು ಕುಟುಂಬವೂ ತಿಳಿದಿರುವುದು ಒಳ್ಳೆಯದು.

ಬಾಲ್ಯದ ಕಾಯಿಲೆಯ ಮರುಕಳಿಕೆ

ಸರ್ಪಸುತ್ತಿಗೆ ಕಾರಣವಾದ ವೈರಾಣು ಹೊರಗಿನಿಂದ ಹೊಸದಾಗಿ ಬರುವುದಿಲ್ಲ. ಬಾಲ್ಯದಲ್ಲಿ ‘ಅಮ್ಮ’ ಎಂದು ಕರೆದು ಬೇವಿನ ಸೊಪ್ಪಿನ ಮೇಲೆ ಮಲಗಿಸುತ್ತಿದ್ದ ಚಿಕನ್‌ಪಾಕ್ಸ್‌ಗೆ ಕಾರಣವಾದ ವೈರಾಣುವೇ ಇದು. ಗುಳ್ಳೆಗಳು ಒಣಗಿ ಮಗು ಚೇತರಿಸಿಕೊಂಡರೂ ವೈರಾಣು ದೇಹವನ್ನು ಬಿಟ್ಟು ಹೋಗುವುದಿಲ್ಲ. ಬೆನ್ನುಹುರಿಯ ಪಕ್ಕದಲ್ಲಿರುವ ನರಗಂಟುಗಳಲ್ಲಿ ಅದು ದಶಕಗಳ ಕಾಲ ನಿದ್ರಿಸಿದಂತೆ ಅಡಗಿರುತ್ತದೆ. ವಯಸ್ಸಾದಂತೆ ಅಥವಾ ಬೇರೆ ಕಾಯಿಲೆಗಳಿಂದ ರೋಗನಿರೋಧಕ ಶಕ್ತಿ ಕುಗ್ಗಿದಾಗ ಎಚ್ಚೆತ್ತು, ನರದ ಗುಂಟ ಸಾಗಿ ಚರ್ಮವನ್ನು ತಲುಪುತ್ತದೆ. ಇಂಗ್ಲೆಂಡಿನ ಪುಟ್ಟ ಪಟ್ಟಣವೊಂದರಲ್ಲಿ ಕುಟುಂಬವೈದ್ಯರಾಗಿದ್ದ ಎಡ್ಗರ್ ಹೋಪ್-ಸಿಂಪ್ಸನ್ ಅವರು ತಮ್ಮ ರೋಗಿಗಳನ್ನು ವರ್ಷಗಟ್ಟಲೆ ಗಮನಿಸಿ, 1965ರಲ್ಲಿ ಈ ವಿಚಾರವನ್ನು ಮಂಡಿಸಿದರು. ಮುಂದಿನ ಸಂಶೋಧನೆಗಳು ಅದನ್ನು ದೃಢಪಡಿಸಿದವು.

ಹೆಡೆ ಮತ್ತು ಬಾಲ ಕೂಡುವ ಭಯಕ್ಕೂ ಇಲ್ಲಿಯೇ ಉತ್ತರವಿದೆ. ಬೆನ್ನುಹುರಿಯಿಂದ ಹೊರಡುವ ಪ್ರತಿಯೊಂದು ನರವೂ ದೇಹದ ಎಡ ಅಥವಾ ಬಲ ಭಾಗದ ಒಂದು ಪಟ್ಟಿಗೆ ಮಾತ್ರ ಸ್ಪರ್ಶಜ್ಞಾನವನ್ನು ಒದಗಿಸುತ್ತದೆ. ವೈರಾಣು ಸಾಮಾನ್ಯವಾಗಿ ಒಂದೇ ನರದಲ್ಲಿ ಎಚ್ಚರಗೊಳ್ಳುವುದರಿಂದ ಗುಳ್ಳೆಗಳ ಸಾಲು ದೇಹದ ನಡುಗೆರೆಗೆ ಬಂದು ನಿಲ್ಲುತ್ತದೆ. ರೋಗನಿರೋಧಕ ಶಕ್ತಿ ತೀರ ಕುಗ್ಗಿದವರಲ್ಲಿ ಗುಳ್ಳೆಗಳು ಮೈಯ ಇತರ ಭಾಗಗಳಿಗೆ ಹರಡಬಹುದು. ಅದು ನಿಜಕ್ಕೂ ಅಪಾಯದ ಸೂಚನೆ. ಆದರೆ ಅದಕ್ಕೆ ಕಾರಣ ದೇಹದ ದೌರ್ಬಲ್ಯವೇ ಹೊರತು ಹಾವಿನ ಶಾಪವಲ್ಲ.

ಗುಳ್ಳೆ ಮಾಯ್ದರೂ ಉಳಿಯುವ ನೋವು

ಗುಳ್ಳೆಗಳು ಎರಡರಿಂದ ನಾಲ್ಕು ವಾರಗಳಲ್ಲಿ ಮಾಯುತ್ತವೆ. ಹಿರಿಯರನ್ನು ಹಣ್ಣು ಮಾಡುವುದು ಆಮೇಲೂ ಉಳಿಯುವ ನರದ ನೋವು. ಸರ್ಪಸುತ್ತು ಬಂದವರಲ್ಲಿ ಶೇ. 10ರಿಂದ 18ರಷ್ಟು ಜನರಿಗೆ ಈ ನೋವು ತಿಂಗಳುಗಟ್ಟಲೆ, ಕೆಲವರಿಗೆ ವರ್ಷಗಟ್ಟಲೆ ಕಾಡುತ್ತದೆ. ವಯಸ್ಸು ಹೆಚ್ಚಿದಷ್ಟೂ ಇದರ ಸಂಭವ ಹೆಚ್ಚು. ಉಟ್ಟ ಬಟ್ಟೆ ಸೋಕಿದರೂ ಬೆಂಕಿ ತಾಗಿದಂತಾಗುತ್ತದೆ. ಹಣೆಯ ಭಾಗದಲ್ಲಿ ಸರ್ಪಸುತ್ತು ಬಂದ ಹಿರಿಯರಿಗೆ ವಿಭೂತಿ ಧರಿಸುವುದೂ ದುಸ್ತರವಾಗಬಹುದು. ನಿದ್ರೆ ಕೆಡುತ್ತದೆ, ಊಟ ರುಚಿಸದು, ಮನಸ್ಸು ಕುಗ್ಗುತ್ತದೆ. ಹೊರನೋಟಕ್ಕೆ ಚರ್ಮ ವಾಸಿಯಾಗಿರುವುದರಿಂದ ಮನೆಯವರು ಈ ನೋವನ್ನು ನಂಬುವುದೂ ಕಷ್ಟವಾಗುತ್ತದೆ. ಹಣೆ ಮತ್ತು ಮೂಗಿನ ತುದಿಯಲ್ಲಿ ಗುಳ್ಳೆಗಳೆದ್ದರೆ ಕಣ್ಣಿಗೂ ಸೋಂಕು ತಗುಲಿ ದೃಷ್ಟಿಗೆ ಕುತ್ತು ಬರಬಹುದು. ಅಂಥವರು ಅಂದೇ ನೇತ್ರವೈದ್ಯರನ್ನು ಕಾಣಬೇಕು.

ಲಸಿಕೆ ಹೇಗೆ ರಕ್ಷಿಸುತ್ತದೆ?

2006ರಲ್ಲಿ ಅಮೆರಿಕದಲ್ಲಿ ಬಳಕೆಗೆ ಬಂದ ಮೊದಲ ಲಸಿಕೆಯಲ್ಲಿ ದುರ್ಬಲಗೊಳಿಸಿದ ಜೀವಂತ ವೈರಾಣು ಇತ್ತು. ಅದರ ರಕ್ಷಣೆ ಅರ್ಧದಷ್ಟು ಮಾತ್ರ. ರೋಗನಿರೋಧಕ ಶಕ್ತಿ ಬಹಳ ಕುಗ್ಗಿದವರಿಗೆ ಅದನ್ನು ಕೊಡುವಂತಿರಲಿಲ್ಲ. ಈಗಿನ ಲಸಿಕೆ ಶಿಂಗ್ರಿಕ್ಸ್ ಅಮೆರಿಕದಲ್ಲಿ 2017ರಲ್ಲಿ ಅನುಮೋದನೆ ಪಡೆದು, ಭಾರತಕ್ಕೆ 2023ರಲ್ಲಿ ಬಂತು. ಇದರಲ್ಲಿ ಜೀವಂತ ವೈರಾಣು ಇಲ್ಲ. ವೈರಾಣುವಿನ ಮೇಲ್ಮೈಯ ಒಂದು ಪ್ರೋಟೀನನ್ನೂ, ದೇಹದ ನಿರೋಧಕ ಶಕ್ತಿಯನ್ನು ಚುರುಕುಗೊಳಿಸುವ ಸಹಾಯಕ ದ್ರವ್ಯವನ್ನೂ ಸೇರಿಸಿ ಇದನ್ನು ಸಿದ್ಧಪಡಿಸಲಾಗಿದೆ. ಆದ್ದರಿಂದ ಲಸಿಕೆಯಿಂದಲೇ ಸರ್ಪಸುತ್ತು ಬರುವ ಭಯವಿಲ್ಲ.

ದೊಡ್ಡ ಪ್ರಮಾಣದ ಪರೀಕ್ಷೆಗಳಲ್ಲಿ ಈ ಲಸಿಕೆ 50 ವರ್ಷ ದಾಟಿದವರಲ್ಲಿ ಸರ್ಪಸುತ್ತನ್ನು ಶೇ. 97ರಷ್ಟು, 70 ದಾಟಿದವರಲ್ಲಿಯೂ ಸುಮಾರು ಶೇ. 90ರಷ್ಟು ತಡೆಯಿತು. ಹತ್ತು ವರ್ಷಗಳ ಬಳಿಕವೂ ರಕ್ಷಣೆಯ ಬಹುಭಾಗ ಉಳಿದಿರುವುದು ಕಂಡುಬಂದಿದೆ. ತೋಳಿನ ಸ್ನಾಯುವಿಗೆ ಎರಡು ಚುಚ್ಚುಮದ್ದುಗಳನ್ನು ಎರಡರಿಂದ ಆರು ತಿಂಗಳ ಅಂತರದಲ್ಲಿ ಪಡೆಯಬೇಕು. ಒಂದನ್ನೇ ಪಡೆದು ನಿಲ್ಲಿಸಿದರೆ ಪೂರ್ಣ ರಕ್ಷಣೆ ದೊರೆಯದು.

ಯಾರಿಗೆ ಹೆಚ್ಚು ಪ್ರಯೋಜನ?

50 ವರ್ಷ ತುಂಬಿದ ಎಲ್ಲರೂ ಇದನ್ನು ಪಡೆಯಬಹುದು. ಎಲ್ಲರಿಗೂ ಸಾಧ್ಯವಾಗದಿದ್ದಲ್ಲಿ ಈ ಕೆಳಗಿನವರನ್ನು ಮೊದಲು ಪರಿಗಣಿಸಬೇಕು:

1. 65–70 ವರ್ಷ ದಾಟಿದವರು. ದೀರ್ಘಕಾಲದ ನೋವು ಇವರಲ್ಲಿಯೇ ಹೆಚ್ಚು.
2. ಸಕ್ಕರೆ ಕಾಯಿಲೆ, ಮೂತ್ರಪಿಂಡದ ಕಾಯಿಲೆ, ದೀರ್ಘಕಾಲದ ಉಬ್ಬಸ ಮತ್ತು ಶ್ವಾಸಕೋಶದ ತೊಂದರೆ ಇರುವವರು.
3. ಸಂಧಿವಾತ ಮೊದಲಾದವುಗಳಿಗೆ ಸ್ಟೀರಾಯ್ಡ್, ಮೆಥೊಟ್ರೆಕ್ಸೇಟ್‌ನಂತಹ ನಿರೋಧಕ ಶಕ್ತಿಯನ್ನು ತಗ್ಗಿಸುವ ಔಷಧಿ ಸೇವಿಸುವವರು.
4. ಕ್ಯಾನ್ಸರ್ ಚಿಕಿತ್ಸೆ ಪಡೆಯುತ್ತಿರುವವರು, ಅಂಗಾಂಗ ಕಸಿ ಆದವರು, ಎಚ್‌ಐವಿ ಸೋಂಕು ಇರುವವರು. ಇವರಿಗೆ 50 ತುಂಬುವ ಮೊದಲೇ ಬೇಕಾಗಬಹುದು. ಸಾಧ್ಯವಿದ್ದರೆ ಇಂತಹ ಚಿಕಿತ್ಸೆ ಆರಂಭಿಸುವ ಮುನ್ನವೇ ಲಸಿಕೆ ಪಡೆಯುವುದು ಮೇಲು.

ಒಮ್ಮೆ ಸರ್ಪಸುತ್ತು ಬಂದುಹೋದವರಿಗೆ ಅದು ಮತ್ತೆ ಬರಬಹುದು. ಆದ್ದರಿಂದ ಗುಳ್ಳೆಗಳು ಸಂಪೂರ್ಣ ಮಾಯ್ದ ಬಳಿಕ ವೈದ್ಯರು ಹೇಳಿದ ಅಂತರವಿಟ್ಟು ಅವರೂ ಲಸಿಕೆ ಪಡೆಯಬಹುದು. ಬಾಲ್ಯದಲ್ಲಿ ಚಿಕನ್‌ಪಾಕ್ಸ್ ಬಂದ ನೆನಪಿಲ್ಲ ಎಂಬ ಕಾರಣಕ್ಕೆ ಹಿರಿಯರು ಹಿಂಜರಿಯಬೇಕಿಲ್ಲ. ಅವರಲ್ಲಿ ಹೆಚ್ಚಿನವರಿಗೆ ತಿಳಿಯದೆಯೇ ಸೋಂಕು ಆಗಿಹೋಗಿರುತ್ತದೆ.

ಈಗ ಸರ್ಪಸುತ್ತಿನಿಂದ ಬಳಲುತ್ತಿರುವವರು, ಜ್ವರವಿರುವವರು, ಗರ್ಭಿಣಿಯರು ಕಾಯಬೇಕು. ಮೊದಲ ಚುಚ್ಚುಮದ್ದಿಗೆ ತೀವ್ರ ಅಲರ್ಜಿ ಆಗಿದ್ದರೆ ಎರಡನೆಯದನ್ನು ಪಡೆಯಬಾರದು. ರಕ್ತ ತೆಳುವಾಗಿಸುವ ಮಾತ್ರೆ ಸೇವಿಸುವವರು ಅದನ್ನು ಮುಂಚಿತವಾಗಿ ತಿಳಿಸಬೇಕು. ಚುಚ್ಚಿದ ಜಾಗದಲ್ಲಿ ನೋವು, ಮೈಕೈ ನೋವು, ಆಯಾಸ, ಚಳಿಜ್ವರ ಅನೇಕರಿಗೆ ಬಂದು ಎರಡು ಮೂರು ದಿನಗಳಲ್ಲಿ ಇಳಿಯುತ್ತವೆ. ಹತ್ತು ಲಕ್ಷ ಚುಚ್ಚುಮದ್ದುಗಳಲ್ಲಿ ಕೆಲವರಿಗೆ ಮಾತ್ರ ನರಗಳ ದೌರ್ಬಲ್ಯ ತರುವ ಗಿಲಾನ್-ಬಾರೆ ಎಂಬ ಕಾಯಿಲೆ ಬಂದ ವರದಿಯಿದೆ.

ಖರ್ಚಿನ ಪ್ರಶ್ನೆ

ಈ ಲಸಿಕೆ ಸರ್ಕಾರದ ಉಚಿತ ಲಸಿಕಾ ಕಾರ್ಯಕ್ರಮದಲ್ಲಿ ಸೇರಿಲ್ಲ. ಒಂದು ಚುಚ್ಚುಮದ್ದಿಗೆ ಸುಮಾರು ಹತ್ತು ಸಾವಿರ ರೂಪಾಯಿ ತಗಲುತ್ತದೆ. ‘ಈ ವಯಸ್ಸಿನಲ್ಲಿ ನನಗೇಕೆ ಇಷ್ಟು ಖರ್ಚು?’ ಎಂದು ಹಿರಿಯರೇ ಬೇಡವೆನ್ನುವುದುಂಟು. ಸಕ್ಕರೆ ಕಾಯಿಲೆ, ರಕ್ತದೊತ್ತಡಗಳ ದಿನನಿತ್ಯದ ಮಾತ್ರೆಗಳಿಗೇ ಹಣ ಸಾಲದ ಮನೆಯಲ್ಲಿ ಮೊದಲ ಆದ್ಯತೆ ಆ ಮಾತ್ರೆಗಳಿಗೇ ಇರಬೇಕು. ಸಾಲ ಮಾಡಿ ಲಸಿಕೆ ಹಾಕಿಸಬೇಕಾಗಿಲ್ಲ. ಆದರೆ ಅನುಕೂಲವಿದ್ದೂ ‘ವಯಸ್ಸಾಯಿತು, ಇನ್ನೇಕೆ’ ಎಂಬ ಒಂದೇ ಕಾರಣಕ್ಕೆ ಕೈಬಿಡುವುದು ಸರಿಯಲ್ಲ. ಈ ಲಸಿಕೆಯ ಪ್ರಯೋಜನ ಹೆಚ್ಚಾಗಿ ಸಲ್ಲುವುದು ಆ ವಯಸ್ಸಿನವರಿಗೇ. ಔಷಧದಂಗಡಿಯಿಂದ ಲಸಿಕೆಯನ್ನು ಕೊಂಡೊಯ್ಯುವವರು ಅದನ್ನು ತಂಪು ಪೆಟ್ಟಿಗೆಯಲ್ಲಿಯೇ ಸಾಗಿಸಬೇಕು. ಬಿಸಿಲಿಗೆ ಸಿಕ್ಕರೂ, ಹೆಪ್ಪುಗಟ್ಟಿದರೂ ಅದು ಕೆಡುತ್ತದೆ.

ಲಸಿಕೆ ಪಡೆಯದವರೂ ಒಂದು ಮಾತನ್ನು ನೆನಪಿನಲ್ಲಿಡಲಿ. ದೇಹದ ಒಂದೇ ಪಕ್ಕದಲ್ಲಿ ಉರಿ ಮತ್ತು ಗುಳ್ಳೆ ಕಂಡ 72 ಗಂಟೆಗಳೊಳಗೆ ವೈದ್ಯರನ್ನು ಕಂಡು ಅಸೈಕ್ಲೊವಿರ್‌ನಂತಹ ವೈರಾಣುನಿರೋಧಕ ಔಷಧಿ ಆರಂಭಿಸಿದರೆ ಕಾಯಿಲೆಯ ತೀವ್ರತೆ ತಗ್ಗುತ್ತದೆ. ಗುಳ್ಳೆಗಳನ್ನು ಬಟ್ಟೆಯಿಂದ ಮುಚ್ಚಿ, ಅವು ಒಣಗುವವರೆಗೆ ಗರ್ಭಿಣಿಯರಿಂದಲೂ ಹಸುಗೂಸುಗಳಿಂದಲೂ ದೂರವಿರಬೇಕು. ಮಣ್ಣು, ಸೊಪ್ಪಿನ ರಸಗಳನ್ನು ಹಚ್ಚಿದರೆ ಗುಳ್ಳೆ ಕೀವಾಗಬಹುದು.

ಈ ತಿಂಗಳು ತಮ್ಮ ಮನೆಯ ಹಿರಿಯರನ್ನು ಮಾಮೂಲಿ ತಪಾಸಣೆಗೆ ಕರೆದೊಯ್ದಾಗ, ಅವರ ಕಾಯಿಲೆಗಳ ಮತ್ತು ಮಾತ್ರೆಗಳ ವಿವರವನ್ನು ಮುಂದಿಟ್ಟು ಈ ಲಸಿಕೆಯ ಬಗ್ಗೆ ವೈದ್ಯರನ್ನು ಕೇಳಿರಿ. ನಿರ್ಧಾರದಲ್ಲಿ ಹಿರಿಯರ ಮಾತಿಗೂ ಸ್ಥಾನವಿರಲಿ. ನಮ್ಮನ್ನು ಹೊತ್ತು ಸಲಹಿದ ಜೀವಗಳು ಕೊನೆಯ ವರ್ಷಗಳನ್ನು ತಪ್ಪಿಸಬಹುದಾದ ನೋವಿನಲ್ಲಿ ಕಳೆಯದಂತೆ ನೋಡಿಕೊಳ್ಳುವುದು ನಮ್ಮ ಕರ್ತವ್ಯ.